ಮಗ ಕಾಲೇಜು ಬೇಡ, ಫುಲ್ ಟೈಮ್ ಚೆಸ್ ಅಂತಿದಾನೆ. ಚೆಸ್ ಆಡಿ ಜೀವನ ನಡೆಯುತ್ತಾ?

ಭದ್ರಾವತಿ_ಅಪ್ಪ:

ಎಲ್ಲರಿಗೂ ನಮಸ್ಕಾರ. ನಂಗೆ ಚೆಸ್ ಅಂದ್ರೆ ಕುದುರೆ ಹೇಗೆ ಹಾರುತ್ತೆ ಅನ್ನೋದಷ್ಟೇ ಗೊತ್ತು, ಆದ್ರೆ ಮಗ ಮೂರನೇ ಕ್ಲಾಸಿಂದ ಆಡ್ತಿದಾನೆ, ಈಗ ಎಸ್ಸೆಸ್ಸೆಲ್ಸಿ ಮುಗೀತು, ಫಿಡೆ (ವಿಶ್ವ ಚೆಸ್ ಸಂಸ್ಥೆ) ರೇಟಿಂಗ್ 2140 ಇದೆ. ಗುಕೇಶ್ ವರ್ಲ್ಡ್ ಚಾಂಪಿಯನ್ ಆದಾಗಿಂದ ಮನೇಲಿ ಇದೇ ಜಪ. ಪಿಯುಸಿ ಸೇರಲ್ಲ, ಎರಡು ವರ್ಷ ಬರೀ ಚೆಸ್ ಆಡ್ತೀನಿ, ಗುಕೇಶ್ ನಾಲ್ಕನೇ ಕ್ಲಾಸ್ ಆದ್ಮೇಲೆ ಸ್ಕೂಲಿಗೇ ಸರಿಯಾಗಿ ಹೋಗ್ಲಿಲ್ಲ ಗೊತ್ತಾ ಅಂತ ನಂಗೇ ಪಾಠ ಮಾಡ್ತಾನೆ. ಕೋಚು ಹುಡುಗನಲ್ಲಿ ಟ್ಯಾಲೆಂಟ್ ಇದೆ ಬಿಡಿ ಸಾರ್ ಅಂತಾರೆ. ಮನೆಯವಳು ಪಿಸಿಎಂಬಿ ಬಿಟ್ಟು ಬೇರೆ ಮಾತೇ ಆಡಲ್ಲ. ನಾನು ಇಲ್ಲೇ ಒಂದು ಸೊಸೈಟಿ ಬ್ಯಾಂಕಲ್ಲಿ ಕೆಲ್ಸ ಮಾಡೋನು, ದೊಡ್ಡ ಮಗಳ ಇಂಜಿನಿಯರಿಂಗ್ ಫೀಸು ಇನ್ನೂ ಎರಡು ವರ್ಷ ಕಟ್ಟೋದಿದೆ.

ನನ್ನ ಪ್ರಶ್ನೆ ಇಷ್ಟೇ. ಮೇಲಿನ ಹತ್ತಿಪ್ಪತ್ತು ಜನಕ್ಕೆ ದುಡ್ಡು ಬರುತ್ತೆ, ಅದು ಟೀವೀಲೂ ಕಾಣುತ್ತೆ. ಅದರ ಕೆಳಗೆ ಇರೋರು, ಹೆಸರೂ ಯಾರಿಗೂ ಗೊತ್ತಿಲ್ಲದ ಐಎಂಗಳು (ಇಂಟರ್‌ನ್ಯಾಷನಲ್ ಮಾಸ್ಟರ್), ಜಿಎಂಗಳು (ಗ್ರಾಂಡ್‌ಮಾಸ್ಟರ್, ಅದಕ್ಕಿಂತ ಮೇಲಿನ ಟೈಟಲ್) ತಿಂಗಳ ಖರ್ಚಿಗೆ ಏನ್ ಮಾಡ್ತಾರೆ? ನಲವತ್ತು ವರ್ಷ ಆದ್ಮೇಲೆ ಏನ್ ಮಾಡ್ತಾರೆ? ಗೊತ್ತಿರೋರು ಯಾರಾದ್ರೂ ಇದ್ರೆ ಮುಲಾಜಿಲ್ದೆ ಹೇಳಿ.

ಒಂಟೆ_ಜೋಡಿ:

ಸಾರ್, ನಾನು ಬೆಂಗಳೂರಲ್ಲಿ ಚೆಸ್ ಕೋಚಿಂಗ್ ಮಾಡ್ಕೊಂಡಿದೀನಿ, ಅದಕ್ಕೆ ಮುಂಚೆ ಟೂರ್ನಮೆಂಟ್ ಆಡ್ಕೊಂಡು ಊರೂರು ತಿರುಗ್ತಿದ್ದೆ. ಸ್ವಲ್ಪ ಉದ್ದ ಆಗುತ್ತೆ, ಟೀ ಇಟ್ಕೊಂಡು ಓದಿ.

ಮೊದ್ಲು ಗುಕೇಶ್ ವಿಷ್ಯ ಮುಗಿಸ್ಬಿಡೋಣ. 2024ರ ಡಿಸೆಂಬರ್ ಸಿಂಗಪುರ ಮ್ಯಾಚಲ್ಲಿ ಒಟ್ಟು ಬಹುಮಾನ 25 ಲಕ್ಷ ಡಾಲರ್, ಒಂದೊಂದು ಗೆಲುವಿಗೆ ಎರಡೆರಡು ಲಕ್ಷ, ಉಳಿದಿದ್ದು ಇಬ್ಬರಿಗೂ ಸಮ ಪಾಲು. ಗುಕೇಶ್‌ಗೆ 13.5 ಲಕ್ಷ ಡಾಲರ್ ಬಂತು, ಸೋತ ಡಿಂಗ್ ಲಿರೆನ್‌ಗೂ 11.5 ಲಕ್ಷ. ಅದರ ಮೇಲೆ ತಮಿಳುನಾಡು ಸರ್ಕಾರ 5 ಕೋಟಿ ಕೊಡ್ತು. ಇದು ನಿಮ್ಮ ಮಗನಿಗೆ ಬಾಯಿಪಾಠ ಇರುತ್ತೆ. ಆದ್ರೆ ಗುಕೇಶ್ ಅಪ್ಪ ಇಎನ್‌ಟಿ ಸರ್ಜನ್, ಮಗನ ಜೊತೆ ಟೂರ್ನಮೆಂಟ್ ಸುತ್ತೋಕೆ ಪ್ರಾಕ್ಟೀಸೇ ನಿಲ್ಲಿಸಿದ್ರು, ಅಮ್ಮ ಮೈಕ್ರೋಬಯಾಲಜಿಸ್ಟ್, ಮನೆ ಅವರೊಬ್ಬರ ಸಂಬಳದಲ್ಲಿ ನಡೀತು, ಅದೂ ಸಾಲದೇ ಸ್ನೇಹಿತರು ಕೈ ಹಿಡಿದ್ರು, ಇದನ್ನ ಅವನು ನಿಮಗೆ ಹೇಳಿದಾನಾ ಕೇಳಿ. ಅರ್ಜುನ್ ಎರಿಗೈಸಿ ಅಪ್ಪ ನ್ಯೂರೋಸರ್ಜನ್, ನಿಹಾಲ್ ಸರಿನ್ ಅಪ್ಪ ಅಮ್ಮ ಇಬ್ರೂ ಡಾಕ್ಟ್ರು, ದಿವ್ಯಾ ದೇಶಮುಖ್ ಮನೇಲೂ ಹಾಗೇ. ಡಾಕ್ಟ್ರ ಮಕ್ಕಳಿಗೇ ಚೆಸ್ ಬರುತ್ತೆ ಅಂತ ಅಲ್ಲ, ಐದಾರು ವರ್ಷ ದುಡ್ಡು ಬರೀ ಹೋಗ್ತಾನೇ ಇದ್ರೂ ಆ ಮನೆಗಳು ತಡ್ಕೊಂಡ್ವು ಅಂತ. ನಿಮಗೆ ಹತ್ತಿರದ ಉದಾಹರಣೆ ಬೇಕಾದ್ರೆ ಪ್ರಜ್ಞಾನಂದ. ಅವರಪ್ಪ ಕೋಆಪರೇಟಿವ್ ಬ್ಯಾಂಕ್ ಉದ್ಯೋಗಿ, ಮಕ್ಕಳಿಬ್ರನ್ನೂ ಬೆಳೆಸಿದ್ರು. ಆದ್ರೆ ಅವನು ಹತ್ತು ವರ್ಷಕ್ಕೇ ಐಎಂ ಆಗಿದ್ದ, ಅಷ್ಟೊತ್ತಿಗೆ ಜನ ಹುಡುಕ್ಕೊಂಡು ಬಂದು ಸಹಾಯ ಮಾಡ್ತಾರೆ. ಹದಿನಾರು ವರ್ಷ, 2140 ಅಂದ್ರೆ ಯಾರೂ ಹುಡುಕ್ಕೊಂಡು ಬರಲ್ಲ. ಬೇಜಾರು ಮಾಡ್ಕೋಬೇಡಿ, 2140 ಚೆನ್ನಾಗೇ ಇದೆ, ನಿಮ್ಮ ತಾಲ್ಲೂಕಲ್ಲಿ ಅವನನ್ನ ಸೋಲಿಸೋರು ಇರಲಿಕ್ಕಿಲ್ಲ.

ಈಗ ಕೆಳಗಿನವರ ಕತೆ. ಓಪನ್ ಟೂರ್ನಮೆಂಟಲ್ಲಿ 2600 ರೇಟಿಂಗ್ ಜಿಎಂ ಬಂದ್ರೆ ಆರ್ಗನೈಸರ್‌ಗಳು ರೂಮು, ಊಟ, ಒಂದೊಂದ್ಸಲ ಕೈಗೆ ಇಷ್ಟು ಅಂತ ದುಡ್ಡೂ ಕೊಡ್ತಾರೆ. ನಮ್ಮ ಕಡೆ ಇದಕ್ಕೆ ಕಂಡಿಶನ್ಸ್ ಅಂತೀವಿ. ಸಾಧಾರಣ ಐಎಂಗೆ ಎಂಟ್ರಿ ಫೀ ಮಾಫಿ, ಅದೃಷ್ಟ ಇದ್ರೆ ಇನ್ನೊಬ್ಬರ ಜೊತೆ ರೂಮ್. ಅದರ ಕೆಳಗಿನವನು ಎಲ್ಲಾ ಜೇಬಿಂದಾನೇ ಕಟ್ಟಬೇಕು. ಹತ್ತು ದಿನದ ಟೂರ್ನಮೆಂಟು, ಬಹುಮಾನ ಮೊದಲ ಇಪ್ಪತ್ತು ಇಪ್ಪತ್ತೈದು ಜನಕ್ಕೆ, ಅದರಲ್ಲೂ ಮೇಲಿನ ಮೂರು ನಾಲ್ಕು ಮಾತ್ರ ದೊಡ್ಡದು. ಕೊನೇ ರೌಂಡ್ ಒಂದು ಸೋತ್ರೆ ಆರನೇ ಸ್ಥಾನದಿಂದ ನಲವತ್ತಕ್ಕೆ ಜಾರಿ ಬಸ್ ಚಾರ್ಜೂ ಹುಟ್ಟಲ್ಲ. ಬರೀ ಬಹುಮಾನದ ದುಡ್ಡಲ್ಲಿ ಬದುಕೋರು ಭಾರತದಲ್ಲಿ ಬೆರಳೆಣಿಕೆ ಜನ, ಇದು ನನ್ನ ಅಭಿಪ್ರಾಯ, ಬೇರೆಯವರು ಬೇರೆ ಹೇಳಬಹುದು.

ಟೈಟಲ್ ಆದ್ರೆ ಸರಿ ಹೋಗುತ್ತಲ್ಲ ಅಂತೀರಾ. ಜಿಎಂ ಆಗೋಕೆ ಮೂರು ನಾರ್ಮ್ ಬೇಕು, ಅಂದ್ರೆ ಮೂರು ಟೂರ್ನಮೆಂಟಲ್ಲಿ ಜಿಎಂ ಮಟ್ಟದ ಆಟ ತೋರಿಸಬೇಕು, ಒಟ್ಟು 27 ಗೇಮಾದ್ರೂ ಆಗಬೇಕು, ರೇಟಿಂಗ್ 2500 ಮುಟ್ಟಬೇಕು. ಒಂದು ನಾರ್ಮ್ ಅಂದ್ರೆ ಸಾಮಾನ್ಯವಾಗಿ ಒಂಬತ್ತು ರೌಂಡ್, ಎದುರಾಳಿಗಳ ಆವರೇಜು 2380ಕ್ಕೆ ಕಮ್ಮಿ ಇರಬಾರದು, ಅದರಲ್ಲಿ ಮೂರು ಜನ ಜಿಎಂ ಇರಬೇಕು, ಬೇರೆ ದೇಶದವರೂ ಇರಬೇಕು, ಅವರ ಮುಂದೆ 2600ರ ಲೆವೆಲ್ಲಲ್ಲಿ ಆಡಬೇಕು. ಚೆನ್ನಾಗಿ ಆಡಿದ್ರೂ ಪೇರಿಂಗ್‌ನಲ್ಲಿ ಮೂರನೇ ಜಿಎಂ ಸಿಗ್ಲಿಲ್ಲ ಅಂತ ನಾರ್ಮ್ ತಪ್ಪಿಸ್ಕೊಂಡೋರನ್ನ ನಾನೇ ನೋಡಿದೀನಿ, ಊಟದ ಟೇಬಲ್ ಹತ್ರ ಮಾತಾಡ್ಸೋಕೂ ಆಗ್ತಿರಲಿಲ್ಲ. ಅದಕ್ಕೇ ಹುಡುಗರು ಬುಡಾಪೆಸ್ಟಿಗೆ ಸರ್ಬಿಯಾಗೆ ಹೋಗೋದು, ಅಲ್ಲಿ ನಾರ್ಮ್‌ಗೆ ಅಂತಲೇ ಹತ್ತು ಜನರ ರೌಂಡ್ ರಾಬಿನ್ (ಎಲ್ಲರೂ ಎಲ್ಲರ ಜೊತೆ ಆಡೋದು) ನಡೆಸ್ತಾರೆ, ದುಡ್ಡು ಕಟ್ಟಿ ಆಡೋದು. ಸರ್ಬಿಯಾಗೆ ಮೊದ್ಲು ನಮ್ಮೋರಿಗೆ ವೀಸಾ ಬೇಡ ಇತ್ತು, 2023ರ ಜನವರಿಯಿಂದ ಅದೂ ಬೇಕು.

ರೇಟಿಂಗ್ ಲೆಕ್ಕ ಇನ್ನೂ ಕ್ರೂರ. ಒಂದು ಗೇಮಿಗೆ ರೇಟಿಂಗ್ ಎಷ್ಟು ಏರಿಳಿಯುತ್ತೆ ಅನ್ನೋದನ್ನ ನಿರ್ಧರಿಸೋ ನಂಬರಿಗೆ ಕೆ-ಫ್ಯಾಕ್ಟರ್ ಅಂತಾರೆ. 2400 ಮುಟ್ಟಿದೋನಿಗೆ ಅದು 10, ಹದಿನೆಂಟರ ಒಳಗಿನ 2300ಕ್ಕಿಂತ ಕಮ್ಮಿ ಇರೋ ಹುಡುಗನಿಗೆ 40. 2400ರವನು 2000ದ ಹುಡುಗನ ಕೈಲಿ ಸೋತ ಅಂದ್ಕೊಳ್ಳಿ, ಇವನಿಗೆ 9.2 ಪಾಯಿಂಟ್ ಹೋಗುತ್ತೆ, ಆ ಹುಡುಗನಿಗೆ 36.8 ಬರುತ್ತೆ. ಇವನು ಕಳ್ಕೊಂಡಿದ್ದು ವಾಪಸ್ ತಗೊಳ್ಳೋಕೆ ತನ್ನ ಸರಿಸಮಾನರನ್ನ ಎರಡು ಸಲ ಸೋಲಿಸಬೇಕು, ಒಂದಕ್ಕೆ ಬರೋದು ಬರೀ 5. ಈಗ ನಮ್ಮ ದೇಶದಲ್ಲಿ 1900 ರೇಟಿಂಗ್ ಹಾಕ್ಕೊಂಡು 2300 ಥರ ಆಡೋ ಹನ್ನೆರಡು ವರ್ಷದ ಮಕ್ಕಳು ಪ್ರತೀ ಟೂರ್ನಮೆಂಟಲ್ಲಿ ಒಂದು ಸಾಲು ಕೂತಿರ್ತಾರೆ, ಪಕ್ಕದಲ್ಲಿ ಸ್ಪೈಡರ್‌ಮ್ಯಾನ್ ನೀರಿನ ಬಾಟ್ಲಿ ಇಟ್ಕೊಂಡು. ಇಪ್ಪತ್ತೆಂಟು ಮೂವತ್ತು ವಯಸ್ಸಿನ ಪ್ರೊಫೆಷನಲ್‌ಗಳು ಭಾರತದ ಓಪನ್ ಟೂರ್ನಮೆಂಟ್ ಅಂದ್ರೆ ಹೆದರೋದು ಜಿಎಂಗಳಿಗಲ್ಲ, ಆ ಬಾಟ್ಲಿ ಮಕ್ಕಳಿಗೆ.

ಹಾಗಾದ್ರೆ ಊಟಕ್ಕೆ? ಕೋಚಿಂಗ್ ಸಾರ್. ಲಾಕ್‌ಡೌನ್ ಆದ್ಮೇಲೆ ಆನ್‌ಲೈನ್ ಪಾಠ ಜೋರಾಯ್ತು. ನಾನು ಬೆಳಿಗ್ಗೆ ಆರೂವರೆಗೆ ಲ್ಯಾಪ್‌ಟಾಪ್ ಮುಂದೆ ಕೂರ್ತೀನಿ, ಕ್ಯಾಲಿಫೋರ್ನಿಯಾದಲ್ಲಿ ಆಗ ಸಂಜೆ, ಅಲ್ಲಿನ ನಮ್ಮ ಕನ್ನಡದೋರ ತೆಲುಗಿನೋರ ಮಕ್ಕಳು. ಮಧ್ಯಾಹ್ನ ಖಾಲಿ. ಸಂಜೆ ಇಲ್ಲಿಯ ಮಕ್ಕಳು. ಒಳ್ಳೇ ದುಡಿಮೆ, ಸುಳ್ಳು ಹೇಳಲ್ಲ, ಬಾಡಿಗೆ ಕಟ್ಕೊಂಡು ಸ್ಕೂಟರ್ ಕಂತು ಮುಗಿಸಿದೀನಿ. ಆದ್ರೆ ದಿನಕ್ಕೆ ಆರು ಗಂಟೆ ಮಕ್ಕಳಿಗೆ ಆನೆ ಎಂಡ್‌ಗೇಮ್ ಹೇಳ್ಕೊಟ್ಟ ಮೇಲೆ ರಾತ್ರಿ ನನ್ನ ಸ್ವಂತ ಓಪನಿಂಗ್ ಫೈಲ್ ತೆಗೆಯೋಕೆ ಮನಸ್ಸೇ ಬರಲ್ಲ. ಆಟಗಾರ ಆಗಿ ಉಳಿಯೋಕೆ ಅಂತ ಕೋಚಿಂಗ್ ಹಿಡೀತೀವಿ, ಆ ಕೋಚಿಂಗೇ ಆಟ ತಿನ್ನುತ್ತೆ. ಆರ್.ಬಿ. ರಮೇಶ್ ಥರ ಇಂಡಿಯನ್ ಆಯಿಲ್ ಕೆಲ್ಸ ಬಿಟ್ಟು ಪೂರ್ತಿ ಕೋಚ್ ಆಗಿ ಪ್ರಜ್ಞಾನಂದನಂಥವರನ್ನ ತಯಾರು ಮಾಡೋದು ಬೇರೆ, ಅದು ಅವರೇ ಆರಿಸ್ಕೊಂಡ ದಾರಿ. ನಮ್ಮಂಥೋರು ಆರಿಸ್ಕೊಂಡಿಲ್ಲ, ಜಾರಿದೀವಿ.

ಇಂಕ್ರಿಮೆಂಟ್_30:

ನಾನು ಆಡಿದ್ದು ಸ್ಕೂಲ್ ಲೆವೆಲ್ ಅಷ್ಟೇ, ಆದ್ರೂ ಹೇಳ್ತೀನಿ, ಬಿಕಾಂ ಮಾಡ್ಕೊಂಡು ಆಡ್ಲಿ. ಚೆಸ್ ಸುದ್ದಿ ಕೊಡೋ ಚೆಸ್‌ಬೇಸ್ ಇಂಡಿಯಾದ ಸಾಗರ್ ಶಾ ಐಎಂ, ಜೊತೆಗೆ ಚಾರ್ಟರ್ಡ್ ಅಕೌಂಟೆಂಟ್. ಆ ಮನುಷ್ಯ ಆಡಿ ದುಡಿದಿದ್ದಕ್ಕಿಂತ ಚೆಸ್ ಬಗ್ಗೆ ಮಾತಾಡಿ ಕಟ್ಟಿದ್ದೇ ದೊಡ್ಡದು ಅನ್ಸುತ್ತೆ.

ಅಥವಾ ಯೂಟ್ಯೂಬ್ ಶುರು ಮಾಡ್ಲಿ 😄

ಹುಬ್ಬಳ್ಳಿ_ಪ್ಯಾದೆ:

ನಮಸ್ಕಾರ್ರೀ. ಒಂಟೆ ಜೋಡಿ ಅಣ್ಣಾರು ಬರದಿದ್ದು ಎಲ್ಲಾ ಖರೆ ಐತಿ, ಆದ್ರ ನೌಕರಿ ವಿಷಯ ಬಿಟ್ಟಾರ, ಅದನ್ನ ನಾ ಹೇಳ್ತೇನಿ, ನಾ ರೈಲ್ವೆದಾಗ ಸ್ಪೋರ್ಟ್ಸ್ ಕೋಟಾದ ಮ್ಯಾಲೆ ಸೇರಿದಾಂವ.

ನಮ್ಮ ದೇಶದಾಗ ಚೆಸ್ ಆಡಾವ್ರನ್ನ ಇಷ್ಟು ವರ್ಷ ಸಾಕಿದ್ದು ಬಹುಮಾನ ಅಲ್ರಿ, ಸರಕಾರಿ ನೌಕರಿ. ಪೆಟ್ರೋಲಿಯಂ ಕಂಪನಿಗೋಳು, ರೈಲ್ವೆ, ಏರ್ ಇಂಡಿಯಾ, ಎಲ್ಐಸಿ. ಕೊನೇರು ಹಂಪಿ ಒಎನ್‌ಜಿಸಿ, ಪ್ರಜ್ಞಾನಂದ ಇಂಡಿಯನ್ ಆಯಿಲ್. ಏರ್ ಇಂಡಿಯಾ 2022ರಾಗ ಟಾಟಾದವ್ರ ಕೈಗೆ ಹೋತು, ಹಿಂಗಾಗಿ ಆ ಬಾಗಲಾ ಈಗ ಲೆಕ್ಕಕ್ಕ ಹಿಡಿಬ್ಯಾಡ್ರಿ. ಪೆಟ್ರೋಲಿಯಂ ಕಡೆ ಹೋಗಾಕ ಜಿಎಂ ಆಗಿದ್ರೂ ಸಾಲಂಗಿಲ್ಲ, ಅಷ್ಟು ಗದ್ದಲ ಐತಿ. ರೈಲ್ವೆ ನಮ್ಮಂಥಾವ್ರಿಗೆ. ತಿಂಗಳಾ ಪಗಾರ ಬರ್ತೈತಿ, ಟೂರ್ನಮೆಂಟಿಗೆ ಸ್ಪೆಷಲ್ ರಜಾ ಸಿಗ್ತೈತಿ, ಪಾಸ್ ಇರ್ತೈತಿ, ವರ್ಷಕ್ಕೊಮ್ಮೆ ಇಂಟರ್ ರೈಲ್ವೆ. ಆದ್ರ ಉಳಿದ ದಿನ ಆಫೀಸಿಗೆ ಹೋಗಬೇಕು, ನಿಮ್ಮ ಸಾಹೇಬ್ರಿಗೆ ಚೆಸ್ ಅಂದ್ರ ಕೇರಂ ಇದ್ದಂಗ ಅನಿಸಿದ್ರ ರಜಾ ಅರ್ಜಿ ಒಂದು ವಾರ ಮೇಜಿನ ಮ್ಯಾಲೇ ಇರ್ತೈತಿ.

ಕರ್ನಾಟಕದ ಮೊದಲನೇ ಗ್ರಾಂಡ್‌ಮಾಸ್ಟರ್ ಯಾರು ಅಂತ ನಿಮ್ಮ ಹುಡುಗಗ ಕೇಳ್ರಿ. ಮೈಸೂರಿನ ತೇಜಕುಮಾರ್, ರೈಲ್ವೆ ನೌಕರ. ಜಿಎಂ ಆಗಿದ್ದು 2017ರಾಗ, ಮೂವತ್ತೈದು ದಾಟಿದ ಮ್ಯಾಲೆ. ಆನಂದ್ ಜಿಎಂ ಆಗಿದ್ದು 1988ರಾಗ, ಅಂದ್ರ ಚೆನ್ನೈನಿಂದ ಮೈಸೂರಿಗೆ ಜಿಎಂ ಟೈಟಲ್ ಬರಾಕ 29 ವರ್ಷ ಬೇಕಾತು ನೋಡ್ರಿ, ರೈಲು ಇಷ್ಟು ಲೇಟ್ ಆಗಂಗಿಲ್ಲ. ನೌಕರಿ ಮಾಡಕೋತ, ವಯಸ್ಸು ಆದ ಮ್ಯಾಲೂ ಬಿಡದ 2500 ಮುಟ್ಟಿದ್ರಲ್ಲ, ನಮ್ಮಂಥಾವ್ರಿಗೆ ಗುಕೇಶ್‌ಕಿಂತ ಅವರೇ ದೊಡ್ಡವ್ರು. ಅವರ ನಂತರ ಶಿವಮೊಗ್ಗದ ಸ್ಟ್ಯಾನಿ ಆದ್ರು, ನಿಮ್ಮ ಮಗ್ಗಲಾ ಊರಾವ್ರು, ಮೈಸೂರಿನ ಗಿರೀಶ್ ಕೌಶಿಕ್ ಆದ್ರು, 2022ರಾಗ ಬೆಂಗಳೂರಿನ ಪ್ರಣವ್ ಆನಂದ್ ಹದಿನೈದು ವರ್ಷಕ್ಕ ಜಿಎಂ ಆದ, ಅದ ಟೂರ್ನಮೆಂಟಿನಾಗ ಅಂಡರ್ 16 ವರ್ಲ್ಡ್ ಚಾಂಪಿಯನ್ನೂ ಆದ, ರೊಮೇನಿಯಾದಾಗ. ಈಗ ದಾರಿ ತೆರೆದೈತಿ, ಇಲ್ಲ ಅನ್ನಂಗಿಲ್ಲ.

ಒಂದ ಮಾತು ರೀ, ಸ್ಪೋರ್ಟ್ಸ್ ಕೋಟಾ ನೋಟಿಫಿಕೇಶನ್‌ದಾಗ ವಿದ್ಯಾರ್ಹತೆ ಕೇಳ್ತಾರ. ಪಿಯುಸಿ ಇಲ್ಲಂದ್ರ ಕೆಳಗಿನ ಗ್ರೇಡ್ ಪೇ, ಡಿಗ್ರಿ ಇದ್ರ ಮ್ಯಾಲಿನದು. ಅದೇ ಹುಡುಗ, ಅದೇ ರೇಟಿಂಗ್, ಪಗಾರ ಬ್ಯಾರೆ. ಇದನ್ನ ನಿಮ್ಮ ಹುಡುಗಗ ಮೊದಲ ತೋರಸ್ರಿ.

ಕುಡ್ಲದ_ಅಮ್ಮ:

ನನ್ನ ಮಗಳು ಚೆಸ್ ಆಡ್ತಾಳೆ, ಮಂಗಳೂರಿನವಳು. ಗಂಡಸರೆಲ್ಲ ರೇಟಿಂಗ್ ಲೆಕ್ಕ ಹೇಳಿದ್ರಿ, ಖರ್ಚಿನ ಲೆಕ್ಕ ಅಮ್ಮಂದಿರಿಗೆ ಗೊತ್ತುಂಟು ಮಾರಾಯ್ರೆ. ಹುಡುಗಿ ಆದ್ರೆ ಎಲ್ಲ ಕಡೆ ಒಬ್ರು ಜೊತೆಗೆ ಹೋಗ್ಲೇಬೇಕು, ಅಂದ್ರೆ ಟಿಕೆಟು ಎರಡು, ಊಟ ಎರಡು, ಮತ್ತೆ ನನ್ನ ಟ್ಯೂಷನ್ ಕ್ಲಾಸ್ ಅಷ್ಟು ದಿನ ಬಂದ್. ಆಟದ ಹಾಲ್ ಹೊರಗೆ ಕೂತ ಅಮ್ಮಂದಿರನ್ನು ನೋಡ್ಬೇಕು ನೀವು. ಮಕ್ಕಳು ಒಳಗೆ ನಾಲ್ಕು ಗಂಟೆ, ಇವರು ಹೊರಗೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ನಾಲ್ಕು ಗಂಟೆ, ಮಡಿಲಲ್ಲಿ ಮೊಸರನ್ನದ ಡಬ್ಬಿ. ಬಾಗಿಲು ತೆಗೆದು ಮಗು ಬಂದ ಕೂಡ್ಲೆ ಮುಖ ನೋಡಿಯೇ ಗೊತ್ತಾಗ್ತದೆ, ಕೇಳ್ಬೇಕಾಗಿಲ್ಲ. ಸೋತ ದಿನ ಎಂತ ಹೇಳುವುದು ಅಂತ ಯಾವ ಕೋಚೂ ನಮಗೆ ಹೇಳಿಕೊಡುವುದಿಲ್ಲ. ನಾನು ಐಸ್‌ಕ್ರೀಮ್ ಕೊಡಿಸ್ತೇನೆ, ಅಷ್ಟೆ. ಗೆದ್ದ ದಿನವೂ ಅದೇ.

ಹುಡುಗಿಯರಿಗೆ ಒಂದು ಅನುಕೂಲ ಉಂಟು, ವುಮೆನ್ ಟೂರ್ನಮೆಂಟ್, ವುಮೆನ್ ಪ್ರೈಜ್ ಬೇರೆ ಇರ್ತದೆ. ಕಷ್ಟ ಎಂತ ಅಂದ್ರೆ ಇಪ್ಪತ್ತೈದು ಆದ ಕೂಡ್ಲೆ ಎಲ್ರೂ ಇನ್ನು ಸಾಕು ಹೇಳ್ತಾರೆ. ಹಂಪಿ ಮಗುವಿಗಾಗಿ ಬ್ರೇಕ್ ತಗೊಂಡು ವಾಪಸ್ ಬಂದು 2019ರಲ್ಲಿ ಮಾಸ್ಕೋದಲ್ಲಿ ವರ್ಲ್ಡ್ ರ್‍ಯಾಪಿಡ್ ಗೆದ್ದದ್ದು, ಪುನಃ 2024ರಲ್ಲಿ ನ್ಯೂಯಾರ್ಕಿನಲ್ಲಿ. ಹರಿಕಾ 2022ರ ಚೆನ್ನೈ ಒಲಿಂಪಿಯಾಡಿನಲ್ಲಿ ಒಂಬತ್ತು ತಿಂಗಳ ಬಸುರಿ, ಕೂತು ಆಡಿದ್ದು, ಟೀಮಿಗೆ ಕಂಚು ಬಂತು. ಚೀನಾದ ಹೌ ಯಿಫಾನ್ ಅಂತೂ ಹೆಂಗಸರಲ್ಲಿ ನಂಬರ್ ಒನ್ ಇದ್ದುಕೊಂಡೇ ಆಕ್ಸ್‌ಫರ್ಡಿಗೆ ಓದ್ಲಿಕ್ಕೆ ಹೋದಳು, 2020ರಲ್ಲಿ ಶೆನ್‌ಜೆನ್‌ನಲ್ಲಿ ಪ್ರೊಫೆಸರ್ ಆದಳು. ನನ್ನ ಮಗಳಿಗೆ ನಾನು ತೋರಿಸುವುದು ಅವಳನ್ನು. ಮಗಳಿಗೆ ಇಷ್ಟ ಇಲ್ಲ, ಅದು ಬೇರೆ ವಿಷಯ.

ಭದ್ರಾವತಿ_ಅಪ್ಪ ಅವರೇ, ಒಂದು ಕೆಲಸ ಮಾಡಿ. ಮಗ ಸೋತ ಟೂರ್ನಮೆಂಟಿನಿಂದ ಬಂದ ಮರುದಿನ ಬೆಳಿಗ್ಗೆ ಎಂತ ಮಾಡ್ತಾನೆ ನೋಡಿ. ತಾನೇ ಕೂತು ಸೋತ ಗೇಮ್ ತೆಗೆದ್ರೆ ಒಂದು ಲೆಕ್ಕ. ಮೊಬೈಲಿನಲ್ಲಿ ಬುಲೆಟ್ (ಒಂದೆರಡು ನಿಮಿಷದ ಚೆಸ್) ಆಡ್ತಾ ಮಧ್ಯಾಹ್ನ ಮಾಡಿದ್ರೆ ಬೇರೆ ಲೆಕ್ಕ.

ಭದ್ರಾವತಿ_ಅಪ್ಪ:

ಎಲ್ಲರಿಗೂ ಧನ್ಯವಾದ, ಇಷ್ಟು ಜನ ಬರೀತೀರಿ ಅಂದ್ಕೊಂಡಿರಲಿಲ್ಲ. ಕುಡ್ಲದ ಅಮ್ಮ, ನೀವು ಹೇಳಿದ್ದು ನಮ್ಮ ಮನೇಲಿ ಎರಡನೇ ಲೆಕ್ಕ 😅 ಯಾವಾಗ್ಲೂ ಅಲ್ಲ, ಒಂದೊಂದ್ಸಲ ತಾನೇ ಕೂರ್ತಾನೆ. ಹುಬ್ಬಳ್ಳಿ ಅಣ್ಣ ಬರೆದಿದ್ದನ್ನ ಅವನಿಗೇ ಓದೋಕೆ ಕೊಟ್ಟೆ, ಗ್ರೇಡ್ ಪೇ ವಿಷ್ಯಕ್ಕೆ ಏನೂ ಮಾತಾಡ್ಲಿಲ್ಲ, ತೇಜಕುಮಾರ್ ಗೇಮ್ ಡೇಟಾಬೇಸಲ್ಲಿ ಹುಡುಕ್ತಾ ಕೂತ. ಈಗ ಹೊಸ ವರಸೆ, ಯುರೋಪಲ್ಲಿ ಲೀಗ್ ಆಡಿದ್ರೆ ದುಡ್ಡು ಕೊಡ್ತಾರಂತೆ, ಜರ್ಮನಿಗೆ ಹೋಗ್ತೀನಿ ಅಂತಾನೆ. ಅದು ನಿಜವಾ?

ಸ್ಟುಟ್‌ಗಾರ್ಟ್_ಕನ್ನಡಿಗ:

ನಿಜ, ಆದ್ರೆ ಅರ್ಧ ನಿಜ. ನಾನಿಲ್ಲಿ ಕಾರ್ ಕಂಪನೀಲಿ ಕೆಲ್ಸ ಮಾಡ್ತಾ ಊರಿನ ಕ್ಲಬ್ಬಿಗೆ ಆಡ್ತೀನಿ, ತುಂಬಾ ಕೆಳಗಿನ ಡಿವಿಷನ್. ಮೇಲಿಂದ ಕೆಳಗಿನವರೆಗೂ ಲೀಗು, ಚಳಿಗಾಲ ಪೂರ್ತಿ ವಾರಾಂತ್ಯಗಳಲ್ಲಿ ನಡೆಯುತ್ತೆ. ಟಾಪ್ ಬುಂಡೆಸ್‌ಲಿಗಾದಲ್ಲಿ ಒಂದು ಟೀಮಿಗೆ ಎಂಟು ಬೋರ್ಡು, ಹೆಚ್ಚು ಕಮ್ಮಿ ಎಲ್ಲಾ ಜಿಎಂಗಳೇ, ವಿಮಾನದಲ್ಲಿ ಬಂದು ಶನಿವಾರ ಭಾನುವಾರ ಆಡಿ ಹೋಗ್ತಾರೆ, ಅವರಿಗೆ ಒಂದು ಗೇಮಿಗೆ ಇಷ್ಟು ಅಂತ ಕ್ಲಬ್ ಕೊಡುತ್ತೆ. ಆನಂದ್ ಬಾಡೆನ್-ಬಾಡೆನ್ ಟೀಮಿಗೆ ಆಡೋಕೆ ಬಂದೇ 2020ರಲ್ಲಿ ಕೊರೋನಾದಲ್ಲಿ ಇಲ್ಲಿ ಸಿಕ್ಕಿಹಾಕ್ಕೊಂಡಿದ್ದು, ಮೇ ಕೊನೆಗೆ ಫ್ರಾಂಕ್‌ಫರ್ಟಿಂದ ಬಂದು ಇಳಿದಿದ್ದು ನಮ್ಮ ಬೆಂಗಳೂರಲ್ಲಿ, ಕ್ವಾರಂಟೈನೂ ಅಲ್ಲೇ. ಇವರಂಥೋರಿಗೆ ಲೀಗ್ ಅಂದ್ರೆ ಸಂಬಳ. ಫ್ರಾನ್ಸು, ಸ್ಪೇನು ಲೀಗೂ ಸೇರಿಸ್ಕೊಂಡು ಓಡಾಡೋ ಜಿಎಂಗಳಿದ್ದಾರೆ, ಸೂಟ್‌ಕೇಸೇ ಅವರ ಮನೆ.

ನಮ್ಮ ಲೆವೆಲ್ಲಲ್ಲಿ ದುಡ್ಡು ಉಲ್ಟಾ ದಿಕ್ಕಲ್ಲಿ ಹೋಗುತ್ತೆ, ನಾನೇ ಕ್ಲಬ್ಬಿಗೆ ಮೆಂಬರ್‌ಶಿಪ್ ಕಟ್ತೀನಿ. ಭಾನುವಾರ ಬೆಳಿಗ್ಗೆ ಯಾವುದೋ ಹಳ್ಳಿ ಸ್ಕೂಲ್ ಹಾಲ್‌ಗೆ ಕಾರಲ್ಲಿ ಹೋಗಿ, ಐದು ಗಂಟೆ ಆಡಿ, ಮನೇಲಿ ಯಾರೋ ಮಾಡ್ಕೊಂಡು ಬಂದ ಕೇಕ್ ತಿಂದು ವಾಪಸ್. ಎಪ್ಪತ್ತು ವರ್ಷದ ರಿಟೈರ್ಡ್ ಪೋಸ್ಟ್‌ಮ್ಯಾನ್ ನನ್ನನ್ನ ಸೋಲಿಸ್ತಾನೆ. ಸುಖ ಅಂದ್ರೆ ಅದೇ ಸುಖ, ಆದ್ರೆ ಕೆರಿಯರ್ ಅಲ್ಲ. 2140ಕ್ಕೆ ಯಾರಾದ್ರೂ ಪೆಟ್ರೋಲ್ ಖರ್ಚು ಕೊಟ್ರೆ ದೊಡ್ಡದು, ಬೋರ್ಡ್ ದುಡ್ಡು ಕೊಡೋರು ಟೈಟಲ್ ಕೇಳ್ತಾರೆ, ಜೊತೆಗೆ ವಾರಾಂತ್ಯಕ್ಕೆ ಬಂದು ಹೋಗೋಕೆ ಷೆಂಗನ್ ವೀಸಾ ಬೇಕು.

ಇನ್ನೊಂದು ಬಾಗಿಲು ಅಮೆರಿಕ. ಟೆಕ್ಸಸ್‌ನ ಡಲ್ಲಾಸ್, ರಿಯೋ ಗ್ರಾಂಡೆ ವ್ಯಾಲಿ, ಸೇಂಟ್ ಲೂಯಿಸ್‌ನ ವೆಬ್‌ಸ್ಟರ್, ಈ ಯೂನಿವರ್ಸಿಟಿಗಳು ಚೆಸ್‌ಗೇ ಸ್ಕಾಲರ್‌ಶಿಪ್ ಕೊಡ್ತಾವೆ, ನಮ್ಮ ಎಷ್ಟೋ ಜಿಎಂ ಐಎಂಗಳು ಅಲ್ಲಿ ಓದಿ ಆಮೇಲೆ ಒಳ್ಳೇ ಕೆಲ್ಸ ಹಿಡಿದಿದ್ದಾರೆ. ಅಲ್ಲಿ ಪೂರ್ತಿ ಫೀಸ್ ಮಾಫಿ ಬೇಕಾದ್ರೆ ಜಿಎಂ ಲೆವೆಲ್ ಇರಬೇಕು, ಮತ್ತೆ ಸೇರೋಕೆ ಹನ್ನೆರಡನೇ ಕ್ಲಾಸ್ ಪಾಸ್ ಆಗಿರಲೇಬೇಕು. ಕಾಲೇಜು ಬಿಡ್ತೀನಿ ಅನ್ನೋ ಹುಡುಗ ಈ ಬಾಗಿಲನ್ನ ತಾನೇ ಮುಚ್ಕೊಂಡ ಹಾಗೆ.

ಒಂಟೆ_ಜೋಡಿ:

ಸ್ಟುಟ್‌ಗಾರ್ಟ್ ಅಣ್ಣನ ಕೊನೇ ಪಾಯಿಂಟು ಸರಿ ಇದೆ. ಸಾರ್, ಪೂರ್ತಿ ಬಿಡೋದು ಇಲ್ಲಾ ಪಿಸಿಎಂಬಿ ಅಂತ ಎರಡೇ ಆಯ್ಕೆ ಇಟ್ಕೊಂಡು ಮನೇಲಿ ಜಗಳ ಮಾಡ್ಬೇಡಿ. ಪಿಯು ಕಾಲೇಜಲ್ಲಿ 75 ಪರ್ಸೆಂಟ್ ಅಟೆಂಡೆನ್ಸ್ ಕೇಳ್ತಾರೆ, ಟೂರ್ನಮೆಂಟ್ ಆಡೋನಿಗೆ ಕಷ್ಟ, ಅದಕ್ಕೆ ಅಡ್ಮಿಶನ್ ಮಾಡ್ಸೋಕೆ ಮುಂಚೆಯೇ ರೇಟಿಂಗ್ ಸರ್ಟಿಫಿಕೇಟು, ಸ್ಟೇಟ್ ಅಸೋಸಿಯೇಶನ್ ಲೆಟರ್ ತಗೊಂಡು ಪ್ರಿನ್ಸಿಪಾಲ್ ಹತ್ರ ಮಾತಾಡಿ, ಕೆಲವು ಕಾಲೇಜು ತಮ್ಮ ಹೆಸರಿಗೆ ಆಡ್ತಾನೆ ಅಂತ ಒಪ್ಪುತ್ತೆ. ಒಪ್ಪಲಿಲ್ಲ ಅಂದ್ರೆ ಎನ್ಐಒಎಸ್ ಇದೆ, ಓಪನ್ ಸ್ಕೂಲು, ಕ್ಲಾಸಿಗೆ ದಿನಾ ಹೋಗೋ ತಲೆನೋವಿಲ್ಲ, ಚೆಸ್ ಮಕ್ಕಳಲ್ಲಿ ಸುಮಾರು ಜನ ಅದರಲ್ಲೇ ಬರೀತಾರೆ. ಕಾಮರ್ಸ್ ತಗೊಳ್ಳಿ.

ಆಮೇಲೆ ದುಡ್ಡು. ಎರಡು ವರ್ಷಕ್ಕೆ ಇಷ್ಟೇ ಅಂತ ಒಂದು ಮೊತ್ತ ನೀವೂ ನಿಮ್ಮ ಮನೆಯವರೂ ಕೂತು ಬರ್ಕೊಳ್ಳಿ, ಅದನ್ನ ಮಗನಿಗೂ ತೋರಿಸಿ, ಮಗಳ ಫೀಸಿನ ದುಡ್ಡು ಅದರಲ್ಲಿ ಸೇರಿಸಬೇಡಿ. ಯಾವ ಟೂರ್ನಮೆಂಟಿಗೆ ಖರ್ಚು ಮಾಡ್ಬೇಕು ಅನ್ನೋದನ್ನ ಅವನೇ ಆರಿಸ್ಲಿ. ಮೊದಲ ವರ್ಷ ಫಾರಿನ್ ಬೇಡವೇ ಬೇಡ, ಕೊಲ್ಕತ್ತಾ, ಡೆಲ್ಲಿ, ಚೆನ್ನೈಗೆ ಒಳ್ಳೇ ಜಿಎಂಗಳು ಬರ್ತಾರೆ, ನಮ್ಮ ಬೆಂಗಳೂರಲ್ಲೂ 2024ರ ಜನವರಿಯಲ್ಲಿ ಜಿಎಂ ಓಪನ್ ಆಯ್ತು. ಅವನಿಗಿನ್ನೂ ಕೆ 40 ಇರೋದ್ರಿಂದ ಹದಿನೆಂಟು ತುಂಬೋ ವರ್ಷದ ಕೊನೇವರೆಗೆ ರೇಟಿಂಗ್ ಬೇಗ ಏರುತ್ತೆ, ಆಮೇಲೆ ಕೆ 20, ಅರ್ಧ ಸ್ಪೀಡು. ಹಾಗಾಗಿ ಈ ಎರಡು ವರ್ಷ ನಿಜವಾಗ್ಲೂ ಮುಖ್ಯಾನೇ, ಅಷ್ಟರ ಮಟ್ಟಿಗೆ ಹುಡುಗನ ಅವಸರಕ್ಕೆ ಅರ್ಥ ಇದೆ. ಅಷ್ಟರಲ್ಲಿ 2350 ಹತ್ರ ಬಂದ್ರೆ ಇಲ್ಲೇ ಇನ್ನೊಂದು ಪೋಸ್ಟ್ ಹಾಕಿ, ಐಎಂ ನಾರ್ಮ್‌ಗೆ ಎಲ್ಲಿ ಹೋಗಬೇಕು ಹೇಳ್ತೀನಿ. ಮತ್ತೆ ಅವನ ಫೋನಿಂದ ಬುಲೆಟ್ ತೆಗೀರಿ.